ಕ್ಯಾಮೆರಾ ಹಿಂದಿನವರು, ಎಡಿಟಿಂಗ್ ಕೋಣೆಯವರು: ಹೊಳೆನರಸೀಪುರ ಸೀಮೆಯಲ್ಲಿ ಕೇಳಿಬರುವ ಕೆಲವು ತಪ್ಪು ಕಲ್ಪನೆಗಳು

ಹಾಸನ ಜಿಲ್ಲೆ ಕನ್ನಡ ಸಿನಿಮಾಕ್ಕೆ ಕೊಟ್ಟದ್ದು ಸಣ್ಣದೇನಲ್ಲ. ಯಶ್ ಹುಟ್ಟಿದ್ದು ಹಾಸನದ ಭುವನಹಳ್ಳಿಯಲ್ಲಿ. ನಟ ಧನಂಜಯ ಅರಸೀಕೆರೆ ಸೀಮೆಯವರು. ಅರಕಲಗೂಡಿನ ಅ.ನ.ಕೃ. ಅವರ 'ಸಂಧ್ಯಾರಾಗ' 1966ರಲ್ಲಿ ತೆರೆಗೆ ಬಂತು. ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರದ ಎಸ್.ಎಲ್. ಭೈರಪ್ಪನವರ 'ವಂಶವೃಕ್ಷ' 1971ರಲ್ಲಿ ಬಂತು. ಹೇಮಾವತಿ ದಡದ ಗೊರೂರು ರಾಮಸ್ವಾಮಿ ಅಯ್ಯಂಗಾರರ ಕಥೆ 1974ರಲ್ಲಿ 'ಭೂತಯ್ಯನ ಮಗ ಅಯ್ಯು' ಆಯಿತು. ಹೊಳೆನರಸೀಪುರ ತಾಲ್ಲೂಕಿನ ಹರದನಹಳ್ಳಿಗೂ ಈ ನಂಟು ತಪ್ಪಿಲ್ಲ. ಆ ಊರಿನಲ್ಲಿ ಹುಟ್ಟಿದ ಎಚ್.ಡಿ. ಕುಮಾರಸ್ವಾಮಿ ರಾಜಕಾರಣದ ಜೊತೆಗೆ ಸಿನಿಮಾ ನಿರ್ಮಾಣಕ್ಕೂ ಇಳಿದವರು. 'ಸೂರ್ಯವಂಶ' (1999), 'ಚಂದ್ರ ಚಕೋರಿ' (2003) ಅವರ ಬ್ಯಾನರಿನ ಚಿತ್ರಗಳು.

ನಾಯಕರಾದರು, ಕಥೆಗಾರರಾದರು, ನಿರ್ಮಾಪಕರಾದರು. ಈ ಹೆಸರುಗಳನ್ನು ಇಲ್ಲಿ ಯಾರನ್ನು ಕೇಳಿದರೂ ಹೇಳುತ್ತಾರೆ. ಆದರೆ 'ವಂಶವೃಕ್ಷ'ಕ್ಕೆ ಕ್ಯಾಮೆರಾ ಹಿಡಿದವರು ಯು.ಎಂ.ಎನ್. ಷರೀಫ್ ಎಂದು ಎಷ್ಟು ಜನಕ್ಕೆ ಗೊತ್ತು? ಯಶ್ ಅವರನ್ನು ದೇಶಕ್ಕೆಲ್ಲ ಪರಿಚಯಿಸಿದ 'ಕೆ.ಜಿ.ಎಫ್.' ಚಿತ್ರದ ಆ ಹೊಗೆ, ಮಸಿ, ಬೆಂಕಿಯ ಬಣ್ಣಗಳನ್ನು ಕಟ್ಟಿದವರು ಭುವನ್ ಗೌಡ. ಎರಡನೆಯ ಭಾಗವನ್ನು ಸಂಕಲನ ಮಾಡಿದ ಉಜ್ವಲ್ ಕುಲಕರ್ಣಿ ಆಗಿನ್ನೂ ಎಳೆಯ ಹುಡುಗ. ಈ ಹೆಸರುಗಳು ಪೋಸ್ಟರಿನ ಕೆಳಗಿನ ಸಣ್ಣಕ್ಷರದಲ್ಲೇ ಉಳಿದುಬಿಡುತ್ತವೆ.

ಹೆಸರು ಗೊತ್ತಿಲ್ಲದಿದ್ದರೆ ಅದೇನು ದೊಡ್ಡ ನಷ್ಟವಲ್ಲ. ಕೆಲಸವೇ ಗೊತ್ತಿಲ್ಲದಿರುವುದು ನಷ್ಟ. ಇವತ್ತು ಹರದನಹಳ್ಳಿಯಿಂದ ಹಿಡಿದು ಅರಕಲಗೂಡಿನವರೆಗೆ ಊರೂರಲ್ಲೂ ಕ್ಯಾಮೆರಾ ಹಿಡಿದ ಹುಡುಗರಿದ್ದಾರೆ. ಮದುವೆ, ಗೃಹಪ್ರವೇಶ, ಜಾತ್ರೆಗಳನ್ನು ತೆಗೆಯುತ್ತಾರೆ, ರಾತ್ರಿ ಕೂತು ಲ್ಯಾಪ್‌ಟಾಪಿನಲ್ಲಿ ಎಡಿಟ್ ಮಾಡುತ್ತಾರೆ. ಅವರಲ್ಲಿ ಕೆಲವರಿಗೆ ಸಿನಿಮಾದ ಕಡೆ ಹೋಗುವ ಆಸೆಯಿದೆ. ಆ ಆಸೆಗೆ ಅಡ್ಡ ನಿಲ್ಲುವುದು ಬಡತನಕ್ಕಿಂತ ಹೆಚ್ಚಾಗಿ, ಈ ವೃತ್ತಿಗಳ ಬಗ್ಗೆ ಅವರ ಕಿವಿಗೆ ಬಿದ್ದಿರುವ ತಪ್ಪು ಮಾತುಗಳು ಎಂಬುದು ನನ್ನ ನಂಬಿಕೆ. ಅಂಥ ಕೆಲವನ್ನು ಇಲ್ಲಿ ಒಂದೊಂದಾಗಿ ಎತ್ತಿಕೊಂಡಿದ್ದೇನೆ.

ತಪ್ಪು ಕಲ್ಪನೆ: ನಿರ್ದೇಶಕರು ಹೇಳಿದ್ದನ್ನು ತೆಗೆದುಕೊಡುವವನೇ ಕ್ಯಾಮೆರಾಮನ್

ವಾಸ್ತವ: ಈ ಮಾತಿಗೆ ವಿ.ಕೆ. ಮೂರ್ತಿಯವರ ಬದುಕೇ ಉತ್ತರ. 1923ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಮೂರ್ತಿ, ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಓದಿ 1946ರಲ್ಲಿ ಹೊರಬಂದರು. ಬೊಂಬಾಯಿಗೆ ಹೋಗಿ ವರ್ಷಗಟ್ಟಲೆ ಸಹಾಯಕರಾಗಿ ದುಡಿದರು. 1951ರ 'ಬಾಜಿ' ಚಿತ್ರದಲ್ಲಿ ಛಾಯಾಗ್ರಾಹಕರು ವಿ. ರಾತ್ರಾ, ಅವರ ಸಹಾಯಕರು ಮೂರ್ತಿ. ನಿರ್ದೇಶಕ ಗುರುದತ್ ಅವರಿಗೆ ಅದು ಮೊದಲ ಚಿತ್ರ. ಸೆಟ್ಟಿನಲ್ಲಿ ಒಂದು ಕಷ್ಟದ ಶಾಟ್ ಅನ್ನು ಹೀಗೆ ತೆಗೆಯಬಹುದಲ್ಲ ಎಂದು ಸೂಚಿಸಿದವರು ಈ ಸಹಾಯಕ. ಗುರುದತ್ ಅದನ್ನು ಅವರ ಕೈಯಲ್ಲೇ ತೆಗೆಸಿದರು. ಅದು ಹಿಡಿಸಿತು. ಮುಂದಿನ ಚಿತ್ರ 'ಜಾಲ್' (1952) ಮೂರ್ತಿಯವರ ಕೈಗೆ ಬಂತು. ಅಲ್ಲಿಂದ 'ಪ್ಯಾಸಾ', 'ಕಾಗಜ್ ಕೆ ಫೂಲ್', 'ಸಾಹಿಬ್ ಬೀಬಿ ಔರ್ ಗುಲಾಮ್'ವರೆಗೆ ಆ ಜೋಡಿ ಬಿಡಲಿಲ್ಲ.

1959ರ 'ಕಾಗಜ್ ಕೆ ಫೂಲ್' ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಅದರ ಒಂದು ಹಾಡಿನಲ್ಲಿ ಖಾಲಿ ಸ್ಟುಡಿಯೊದೊಳಗೆ ಮೇಲಿನಿಂದ ಬೆಳಕಿನ ಕಂಬವೊಂದು ಓರೆಯಾಗಿ ಇಳಿಯುತ್ತದೆ. ಒಬ್ಬರನ್ನೊಬ್ಬರು ಬಿಟ್ಟಿರಬೇಕಾದ ಇಬ್ಬರು ಅದರ ಆಚೆ ಈಚೆ ನಿಂತಿರುತ್ತಾರೆ. ಸ್ಟುಡಿಯೊದ ದೀಪಗಳಿಂದ ಅಂಥ ಗಟ್ಟಿ ಬೆಳಕು ಬರುವುದಿಲ್ಲ ಎಂದು ಮೂರ್ತಿಯವರಿಗೆ ಗೊತ್ತಿತ್ತು. ದೊಡ್ಡ ಕನ್ನಡಿಯಿಂದ ಹೊರಗಿನ ಬಿಸಿಲನ್ನು ಹಿಡಿದು, ಇನ್ನೊಂದು ಕನ್ನಡಿಗೆ ಹಾಯಿಸಿ ಒಳಕ್ಕೆ ಇಳಿಸಿದರು. ಇಬ್ಬರ ನಡುವಿನ ದೂರವನ್ನು ಮಾತಿಲ್ಲದೆ ಹೇಳಿದ್ದು ಆ ಬೆಳಕು. ಚಿತ್ರ ಗಲ್ಲಾಪೆಟ್ಟಿಗೆಯಲ್ಲಿ ಸೋತಿತು, ಛಾಯಾಗ್ರಹಣಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು.

'ಸಾಹಿಬ್ ಬೀಬಿ ಔರ್ ಗುಲಾಮ್' (1962) ಚಿತ್ರದ್ದು ಇನ್ನೊಂದು ಬಗೆ. ಒಂದು ನೃತ್ಯಕ್ಕೆ ಬಂದಿದ್ದ ಸಹನರ್ತಕಿಯರು ಗುರುದತ್ ಅವರಿಗೆ ಒಪ್ಪಿಗೆಯಾಗಲಿಲ್ಲ. ಆಗ ಮುಖ್ಯ ನರ್ತಕಿ ಮಾತ್ರ ಬೆಳಕಿನಲ್ಲಿ, ಉಳಿದವರೆಲ್ಲ ಪೂರ್ತಿ ನೆರಳಿನಲ್ಲಿ ಇರುವಂತೆ ಹಾಡನ್ನು ತೆಗೆದರು. ತೊಡಕು ಎದುರಾದಾಗ ಬೆಳಕು ಎಲ್ಲಿ ಬೀಳಬೇಕು, ಎಲ್ಲಿ ಬೀಳಬಾರದು ಎಂದು ನಿರ್ಧರಿಸಬಲ್ಲವರು ಆಜ್ಞೆ ಪಾಲಿಸುವ ಆಳಾಗಿರಲು ಸಾಧ್ಯವೇ? ಈ ಮೈಸೂರಿನವರಿಗೆ 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಸಂದಿತು. ಆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕ ಅವರೇ. ಕನ್ನಡದಲ್ಲಿ ಅವರ ಕೆಲಸ ನೋಡಬೇಕೆಂದರೆ ರಾಜೇಂದ್ರಸಿಂಗ್ ಬಾಬು ಅವರ 'ಹೂವು ಹಣ್ಣು' (1993) ಇದೆ.

ಛಾಯಾಗ್ರಾಹಕರ ಕೆಲಸ ಶೂಟಿಂಗ್ ದಿನ ಶುರುವಾಗುವುದೂ ಅಲ್ಲ, ಅಂದೇ ಮುಗಿಯುವುದೂ ಅಲ್ಲ. ಚಿತ್ರಕಥೆ ಓದಿ, ಜಾಗ ನೋಡಿ, ಯಾವ ಗಂಟೆಗೆ ಬಿಸಿಲು ಎಲ್ಲಿರುತ್ತದೆ ಎಂದು ಬರೆದಿಟ್ಟುಕೊಳ್ಳಬೇಕು. ಗೋಡೆಗೆ ಯಾವ ಬಣ್ಣ, ಸೀರೆಗೆ ಯಾವ ಬಣ್ಣ ಎಂದು ಕಲಾ ನಿರ್ದೇಶಕರ ಜೊತೆ, ವಸ್ತ್ರವಿನ್ಯಾಸದವರ ಜೊತೆ ಕೂತು ಮಾತಾಡಬೇಕು. ಚಿತ್ರೀಕರಣವೆಲ್ಲ ಮುಗಿದ ಮೇಲೆ ಬಣ್ಣ ತಿದ್ದುವ ಡಿ.ಐ. ಕೋಣೆಯಲ್ಲಿ ಕಲರಿಸ್ಟ್ ಪಕ್ಕದಲ್ಲಿ ಕೂತು, ಬೆಳಿಗ್ಗೆ ತೆಗೆದ ಶಾಟ್‌ಗೂ ಸಂಜೆ ತೆಗೆದ ಶಾಟ್‌ಗೂ ಒಂದೇ ಹೊತ್ತಿನ ಬಣ್ಣ ಬರುವಂತೆ ನೋಡಿಕೊಳ್ಳಬೇಕು.

ತಪ್ಪು ಕಲ್ಪನೆ: ದೊಡ್ಡ ಕ್ಯಾಮೆರಾ ಕೊಂಡರೆ ಛಾಯಾಗ್ರಾಹಕ ಆದಂತೆಯೇ

ವಾಸ್ತವ: ಈ ಮಾತು ನಂಬಿ ಸಾಲ ಮಾಡಿದ ಮನೆಗಳು ನಮ್ಮ ಸೀಮೆಯಲ್ಲೂ ಇವೆ. ಆದ್ದರಿಂದ ಇದನ್ನು ಖಡಾಖಂಡಿತವಾಗಿ ಹೇಳುತ್ತೇನೆ: ಸಿನಿಮಾದ ಕ್ಯಾಮೆರಾ, ಲೆನ್ಸು, ದೀಪಗಳು ಸಾಮಾನ್ಯವಾಗಿ ದಿನಬಾಡಿಗೆಗೆ ಬರುತ್ತವೆ. ಬಾಡಿಗೆ ಕಟ್ಟುವವರು ನಿರ್ಮಾಪಕರು. ಹೆಸರು ಮಾಡಿದ ಛಾಯಾಗ್ರಾಹಕರಲ್ಲೂ ಅನೇಕರ ಬಳಿ ಸ್ವಂತ ಸಿನಿಮಾ ಕ್ಯಾಮೆರಾ ಇಲ್ಲ. ಹೊಲ ಅಡವಿಟ್ಟು ಕೊಂಡ ಕ್ಯಾಮೆರಾ ಮೂರು ವರ್ಷಕ್ಕೆ ಹಳೆಯದಾಗುತ್ತದೆ, ಬಡ್ಡಿ ಮಾತ್ರ ಹೊಸದಾಗಿಯೇ ಇರುತ್ತದೆ.

ಕೊಳ್ಳಬೇಕಾಗಿಲ್ಲದ್ದು, ಕಲಿಯಲೇಬೇಕಾದದ್ದು ಬೆಳಕು. ಅದಕ್ಕೆ ಹಾಸನ ಜಿಲ್ಲೆಗಿಂತ ಒಳ್ಳೆಯ ಪಾಠಶಾಲೆ ಬೇಕಿಲ್ಲ. ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯದ ಪಶ್ಚಿಮದ ಗೋಡೆಯ ಮುಂದೆ ಒಂದು ಇಡೀ ದಿನ ನಿಲ್ಲಿ. ಬೆಳಿಗ್ಗೆ ಆ ಗೋಡೆ ನೆರಳಲ್ಲಿರುತ್ತದೆ. ಬಳಪದ ಕಲ್ಲು ಮೊದಲೇ ಕಪ್ಪು, ಶಿಲ್ಪಗಳೆಲ್ಲ ಒಂದಕ್ಕೊಂದು ಅಂಟಿಕೊಂಡಂತೆ ಮಂಕಾಗಿ ಕಾಣುತ್ತವೆ. ನಡುಹಗಲಿಗೆ ಸೂರಿನ ನೆರಳು ಮೂರ್ತಿಗಳ ಮುಖದ ಮೇಲೆಯೇ ಬೀಳುತ್ತದೆ. ಮಧ್ಯಾಹ್ನ ಇಳಿಯತೊಡಗಿದ ಮೇಲೆ ಬಿಸಿಲು ಓರೆಯಾಗಿ ಬಂದಾಗ ಅದೇ ಕಲ್ಲಿನಲ್ಲಿ ಒಡವೆಯ ಒಂದೊಂದು ಮಣಿಯೂ ಎದ್ದು ನಿಲ್ಲುತ್ತದೆ. ಕ್ಯಾಮೆರಾ ಅದೇ, ಕಲ್ಲು ಅದೇ, ಬದಲಾದದ್ದು ಬೆಳಕಿನ ದಿಕ್ಕು. ಓರೆ ಬೆಳಕು ಉಬ್ಬುತಗ್ಗನ್ನು ತೋರಿಸುತ್ತದೆ, ಎದುರು ಬೆಳಕು ಅದನ್ನು ಅಳಿಸುತ್ತದೆ ಎಂಬ ಪಾಠವನ್ನು ಪುಸ್ತಕದಲ್ಲಿ ಓದಿದರೆ ಮರೆತುಹೋಗುತ್ತದೆ, ಹೀಗೆ ಕಂಡರೆ ಮರೆಯುವುದಿಲ್ಲ. ಅಲ್ಲಿ ಸಿನಿಮಾ ಚಿತ್ರೀಕರಣಕ್ಕೆ ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯ ಅನುಮತಿ ಬೇಕು. ಸುಮ್ಮನೆ ನಿಂತು ನೋಡುವುದಕ್ಕೆ ಯಾರ ಅಡ್ಡಿಯೂ ಇಲ್ಲ.

ಮಳೆಯದ್ದೂ ಹಾಗೆಯೇ. ಸಕಲೇಶಪುರದ ಕಡೆ ಧೋ ಎಂದು ಸುರಿಯುವ ಮಳೆಯನ್ನು ಮೊಬೈಲಿನಲ್ಲಿ ತೆಗೆದು, ಅದರಲ್ಲಿ ಮಳೆಯೇ ಕಾಣುತ್ತಿಲ್ಲ ಎಂದು ಪೇಚಾಡಿದವರು ಬಹಳ ಮಂದಿ. ಹನಿಯ ಹಿಂದಿನಿಂದ ಬೆಳಕು ಬಂದರೆ, ಹಿನ್ನೆಲೆ ಕಪ್ಪಾಗಿದ್ದರೆ ಮಾತ್ರ ಹನಿ ಬೆಳ್ಳಗೆ ಗೆರೆಯಾಗಿ ಕಾಣುತ್ತದೆ. 'ಮುಂಗಾರು ಮಳೆ' (2006) ಚಿತ್ರದಲ್ಲಿ ಛಾಯಾಗ್ರಾಹಕ ಎಸ್. ಕೃಷ್ಣ ಮಳೆಯನ್ನೇ ಒಂದು ಪಾತ್ರ ಮಾಡಿದರು. ಅದನ್ನು ಈ ಒಂದು ವಿಷಯಕ್ಕಾಗಿಯೇ ಇನ್ನೊಮ್ಮೆ ನೋಡಬಹುದು: ಎಲ್ಲೆಲ್ಲಿ ಮಳೆ ಚೆನ್ನಾಗಿ ಕಾಣುತ್ತದೋ ಅಲ್ಲಿ ಬೆಳಕು ಯಾವ ಕಡೆಯಿಂದ ಬರುತ್ತಿದೆ?

ಕಡಿಮೆ ಸಲಕರಣೆಯಲ್ಲಿ ಏನು ಸಾಧ್ಯ ಎಂಬುದಕ್ಕೆ ಎಸ್. ರಾಮಚಂದ್ರ ಅವರ ಕೆಲಸಕ್ಕಿಂತ ದೊಡ್ಡ ಸಾಕ್ಷಿ ಕನ್ನಡದಲ್ಲಿಲ್ಲ. 'ಚೋಮನ ದುಡಿ', 'ಘಟಶ್ರಾದ್ಧ', ಆಗುಂಬೆಯಲ್ಲಿ ಶಂಕರ್‌ನಾಗ್ ತೆಗೆದ 'ಮಾಲ್ಗುಡಿ ಡೇಸ್', ಭೈರಪ್ಪನವರ ಕಾದಂಬರಿಯಿಂದ ಗಿರೀಶ ಕಾಸರವಳ್ಳಿ ಮಾಡಿದ 'ನಾಯಿ ನೆರಳು' ಎಲ್ಲವೂ ಅವರ ಕ್ಯಾಮೆರಾದ್ದು. 'ಋಷ್ಯಶೃಂಗ' ಚಿತ್ರದ ಛಾಯಾಗ್ರಹಣಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ಸಣ್ಣ ಬಜೆಟ್ಟಿನ ಈ ಚಿತ್ರಗಳಲ್ಲಿ ಹಂಚಿನ ಮನೆಯ ಕತ್ತಲೆ ಕತ್ತಲೆಯಾಗಿಯೇ ಇರುತ್ತದೆ. ಬಾಗಿಲಿಂದ, ಬೆಳಕಿಂಡಿಯಿಂದ ಎಷ್ಟು ಬೆಳಕು ಬರಬೇಕೋ ಅಷ್ಟೇ ಬರುತ್ತದೆ. 'ಘಟಶ್ರಾದ್ಧ'ದ ವಿಧವೆ ಯಮುನಕ್ಕನ ಒಂಟಿತನ ಆ ಕತ್ತಲೆಯೊಳಗೆ ಕೂತಿದೆ. ನಾಲ್ಕು ದೀಪ ಹೆಚ್ಚಿಗೆ ಹಚ್ಚಿದ್ದರೆ ಅದು ಹಾಳಾಗುತ್ತಿತ್ತು.

ತಪ್ಪು ಕಲ್ಪನೆ: ಸಂಕಲನ ಅಂದರೆ ಬೇಡದ್ದನ್ನು ಕತ್ತರಿಸಿ ಎಸೆಯುವುದು

ವಾಸ್ತವ: ರಾಗಿ ತೂರಿ ಜೊಳ್ಳು ಹಾರಿಸಿದ ಹಾಗೆ ಎಂದು ಬಹಳ ಮಂದಿ ತಿಳಿದಿದ್ದಾರೆ. ಕಣದಲ್ಲಿ ಕಾಳು ಯಾವುದು, ಜೊಳ್ಳು ಯಾವುದು ಎಂದು ಮೊದಲೇ ಗೊತ್ತಿರುತ್ತದೆ. ಎಡಿಟಿಂಗ್ ಕೋಣೆಯಲ್ಲಿ ಅದು ಗೊತ್ತಿರುವುದಿಲ್ಲ. ಪಕ್ಕದಲ್ಲಿ ಯಾವ ಶಾಟ್ ಇದೆ ಎನ್ನುವುದರ ಮೇಲೆ ಒಂದು ಶಾಟ್ ಕಾಳೋ ಜೊಳ್ಳೋ ಆಗುತ್ತದೆ.

ರಷ್ಯಾದ ಲೆವ್ ಕುಲೆಶೊವ್ ನೂರು ವರ್ಷಗಳ ಹಿಂದೆಯೇ ಇದನ್ನು ತೋರಿಸಿಕೊಟ್ಟರು. ಒಬ್ಬ ನಟನ ಒಂದೇ ನಿರ್ಭಾವದ ಮುಖ. ಅದರ ಪಕ್ಕ ಒಮ್ಮೆ ಸೂಪಿನ ಬಟ್ಟಲು, ಒಮ್ಮೆ ಶವಪೆಟ್ಟಿಗೆ, ಒಮ್ಮೆ ಒಬ್ಬ ಹೆಂಗಸು. ನೋಡಿದವರಿಗೆ ಅದೇ ಮುಖದಲ್ಲಿ ಹಸಿವು, ದುಃಖ, ಆಸೆ ಬೇರೆ ಬೇರೆಯಾಗಿ ಕಂಡವು. ಮುಖ ಬದಲಾಗಿರಲಿಲ್ಲ.

ನಮ್ಮ ಕಡೆಯದೇ ಒಂದು ದೃಶ್ಯ ಊಹಿಸಿಕೊಳ್ಳಿ. ಮಗ ಬೆಂಗಳೂರಿಗೆ ಹೊರಟಿದ್ದಾನೆ. ಹರದನಹಳ್ಳಿಯ ಮನೆಯ ಬಾಗಿಲಲ್ಲಿ ತಾಯಿ ನಿಂತಿದ್ದಾಳೆ. ಬಸ್ಸು ಹೋಯಿತು. ತಾಯಿಯ ಮುಖದ ಶಾಟ್ ಎರಡು ಸೆಕೆಂಡಿಗೆ ಮುಗಿದರೆ ಅದು ಒಂದು ಮಾಹಿತಿ: ಮಗ ಹೋದ, ತಾಯಿ ನೋಡಿದಳು. ಅದನ್ನೇ ಆರು ಸೆಕೆಂಡು ಹಿಡಿದರೆ, ಆಕೆಯ ದೃಷ್ಟಿ ರಸ್ತೆಯಿಂದ ಅಂಗಳಕ್ಕೆ ತಿರುಗುವುದು, ಸೆರಗು ಸರಿಮಾಡಿಕೊಳ್ಳುವುದು, ಒಳಗೆ ಹೋಗಲೋ ಬೇಡವೋ ಎಂದು ಒಂದು ಗಳಿಗೆ ಅನುಮಾನಿಸುವುದು ಕಾಣುತ್ತದೆ. ಈಗ ಪ್ರೇಕ್ಷಕನಿಗೆ ತನ್ನ ತಾಯಿ ನೆನಪಾಗುತ್ತಾಳೆ. ಹತ್ತು ಸೆಕೆಂಡು ಹಿಡಿದರೆ ಅವನು ಮೊಬೈಲು ತೆಗೆಯುತ್ತಾನೆ. ಆ ನಾಲ್ಕು ಸೆಕೆಂಡಿನ ಲೆಕ್ಕ ಗೊತ್ತಿರುವವರೇ ಸಂಕಲನಕಾರರು. ಒಂದು ಸೆಕೆಂಡಿಗೆ 24 ಚೌಕಟ್ಟು. ಒಳ್ಳೆಯ ಸಂಕಲನಕಾರರು ಎರಡು ಚೌಕಟ್ಟು ಹಿಂದೆ ಕತ್ತರಿಸಬೇಕೋ ಮುಂದೆ ಕತ್ತರಿಸಬೇಕೋ ಎಂದು ಅರ್ಧ ಗಂಟೆ ಯೋಚಿಸುತ್ತಾರೆ. ಹೊರಗಿನವರಿಗೆ ಇದು ಹುಚ್ಚಿನಂತೆ ಕಾಣಬಹುದು. ತೆರೆಯ ಮೇಲೆ ಅದರ ಫಲ ಕಾಣುತ್ತದೆ.

ಕೆಲಸದ ಕ್ರಮವೂ ಹೊರಗಿನವರು ಎಣಿಸಿದ್ದಕ್ಕಿಂತ ಉದ್ದ. ದಿನದಿನದ ರಶಸ್, ಅಂದರೆ ಅಂದಂದು ತೆಗೆದ ಶಾಟ್‌ಗಳನ್ನು ನೋಡಿ ಗುರುತು ಹಾಕಿಕೊಳ್ಳಬೇಕು. ದನಿ ಮತ್ತು ಚಿತ್ರವನ್ನು ಕ್ಲಾಪ್ ನೋಡಿ ಹೊಂದಿಸಬೇಕು. ಚಿತ್ರಕಥೆಯ ಕ್ರಮದಲ್ಲಿ ಎಲ್ಲವನ್ನೂ ಜೋಡಿಸಿದರೆ ಮೂರೂವರೆ ನಾಲ್ಕು ಗಂಟೆ ಆಗಿರುತ್ತದೆ. ಅಲ್ಲಿಂದ ರಫ್ ಕಟ್, ಅದರ ಮೇಲೆ ಮತ್ತೆ ಮತ್ತೆ ಕೆಲಸ. ಎರಡನೆಯ ದೃಶ್ಯ ಹತ್ತನೆಯದಾಗುವುದು, ಮಧ್ಯಂತರದ ಜಾಗವೇ ಬದಲಾಗುವುದು, ಚೆನ್ನಾಗಿ ಅಭಿನಯಿಸಿದ ದೃಶ್ಯವೊಂದು ಕಥೆಗೆ ಬೇಡವೆಂದು ಪೂರ್ತಿ ಹೊರಟುಹೋಗುವುದು ಎಲ್ಲ ಇಲ್ಲಿ ಆಗುತ್ತದೆ. ಆಮೇಲೆ ಡಬ್ಬಿಂಗ್, ಹಿನ್ನೆಲೆ ಸಂಗೀತ, ಸದ್ದುಗಳು. ನಿರ್ದೇಶಕರು ಪ್ರತಿ ಶಾಟ್‌ನ ಹಿಂದೆ ಪಟ್ಟ ಪಾಡನ್ನು ಬಲ್ಲರು. ಆ ಪಾಡು ಪ್ರೇಕ್ಷಕನಿಗೆ ಗೊತ್ತಿಲ್ಲ, ಅವನಿಗೆ ಅದು ಬೇಕಾಗಿಯೂ ಇಲ್ಲ ಎಂದು ಹೇಳುವ ಧೈರ್ಯ ಸಂಕಲನಕಾರರಿಗೆ ಇರಬೇಕು.

ನಮ್ಮವರೇ ಆದ ಸುರೇಶ್ ಅರಸ್ ಮಣಿರತ್ನಂ ಅವರ 'ದಳಪತಿ', 'ರೋಜಾ', 'ಬಾಂಬೆ' ಚಿತ್ರಗಳ ಸಂಕಲನಕಾರರು. 'ಬಾಂಬೆ' ಚಿತ್ರಕ್ಕೆ ಅವರಿಗೆ ಅತ್ಯುತ್ತಮ ಸಂಕಲನದ ರಾಷ್ಟ್ರಪ್ರಶಸ್ತಿ ಸಿಕ್ಕಿತು. ಮಂಸೋರೆ ನಿರ್ದೇಶನದ 'ನಾತಿಚರಾಮಿ'ಯ ಸಂಕಲನಕ್ಕೆ ನಾಗೇಂದ್ರ ಕೆ. ಉಜ್ಜನಿ ಅವರಿಗೂ 2018ನೇ ಸಾಲಿನ ರಾಷ್ಟ್ರಪ್ರಶಸ್ತಿ ಬಂತು. ಅದು ದೊಡ್ಡ ಹೊಡೆದಾಟಗಳಿಲ್ಲದ, ಒಬ್ಬ ಹೆಣ್ಣಿನ ಮನಸ್ಸಿನೊಳಗಿನ ತುಮುಲದ ಚಿತ್ರ. ಸಂಕಲನ ಎಂದರೆ ಪಟಪಟನೆ ಶಾಟ್ ಬದಲಿಸುವುದು ಎಂದು ತಿಳಿದವರು ಈ ಪ್ರಶಸ್ತಿ ಯಾಕೆ ಬಂತೆಂದು ಯೋಚಿಸಬೇಕು.

ತಪ್ಪು ಕಲ್ಪನೆ: ಶೂಟಿಂಗ್ ಎಲ್ಲ ಮುಗಿದ ಮೇಲೆಯೇ ಎಡಿಟರ್‌ಗೆ ಕೆಲಸ

ವಾಸ್ತವ: ಈಗ ಶೂಟಿಂಗ್ ನಡೆಯುತ್ತಿರುವಾಗಲೇ ಜೋಡಣೆ ಆರಂಭವಾಗುತ್ತದೆ. ಒಂದು ಶಾಟ್ ಕಡಿಮೆ ಬಿದ್ದಿದೆ, ನೋಟದ ದಿಕ್ಕು ತಪ್ಪಿದೆ ಎಂಬುದು ಸೆಟ್ ಬಿಚ್ಚುವ ಮೊದಲೇ ಗೊತ್ತಾದರೆ ನಿರ್ಮಾಪಕರ ಹಣ ಉಳಿಯುತ್ತದೆ. ಎಡಿಟಿಂಗ್ ಬಲ್ಲವರನ್ನು ಚಿತ್ರಕಥೆಯ ಹಂತದಲ್ಲೇ ಕೂರಿಸಿಕೊಳ್ಳುವ ನಿರ್ದೇಶಕರು ಜಾಣರು.

ತಪ್ಪು ಕಲ್ಪನೆ: ಛಾಯಾಗ್ರಹಣ ಬೇರೆ, ಸಂಕಲನ ಬೇರೆ, ಒಬ್ಬರಿಂದ ಎರಡೂ ಆಗದು

ವಾಸ್ತವ: ಆಗುತ್ತದೆ, ಆಗಿದೆ. ಪ್ರವೀಣ್ ಶ್ರೀಯಾನ್ 'ಒಂದು ಮೊಟ್ಟೆಯ ಕಥೆ' (2017) ಮತ್ತು 'ಗರುಡ ಗಮನ ವೃಷಭ ವಾಹನ' (2021) ಎರಡಕ್ಕೂ ಕ್ಯಾಮೆರಾ ಹಿಡಿದರು, ಸಂಕಲನವನ್ನೂ ಮಾಡಿದರು. ಎರಡನೆಯ ಚಿತ್ರದಲ್ಲಿ ಮಂಗಳೂರಿನ ಬೀದಿಗಳು, ಹುಲಿವೇಷದ ಕುಣಿತ, ಮಳೆ, ರಕ್ತ ಒಂದೇ ಲಯದಲ್ಲಿ ಸಾಗುವುದಕ್ಕೆ ತೆಗೆದವರು, ಜೋಡಿಸಿದವರು ಒಬ್ಬರೇ ಆಗಿದ್ದದ್ದೂ ಕಾರಣವೆಂದು ನನಗನ್ನಿಸುತ್ತದೆ.

ಇದಕ್ಕೆ ಹಳೆಯ ಪರಂಪರೆಯೂ ಇದೆ. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಛಾಯಾಗ್ರಹಣ ಓದಿದ ಬಾಲು ಮಹೇಂದ್ರ ತಮ್ಮ ನಿರ್ದೇಶನದ ಮೊದಲ ಚಿತ್ರವನ್ನು ಮಾಡಿದ್ದು ಕನ್ನಡದಲ್ಲಿ. ಅದು 1977ರ 'ಕೋಕಿಲ'. ಅದರ ಕಪ್ಪುಬಿಳುಪು ಛಾಯಾಗ್ರಹಣಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಮುಂದೆ ತಮಿಳಿನ 'ವೀಡು'ವಿನಂಥ ಚಿತ್ರಗಳಲ್ಲಿ ನಿರ್ದೇಶನ, ಕ್ಯಾಮೆರಾ, ಸಂಕಲನ ಮೂರೂ ಅವರದೇ. ಮಣಿರತ್ನಂ ಅವರ ಮೊದಲ ಚಿತ್ರ 'ಪಲ್ಲವಿ ಅನುಪಲ್ಲವಿ'ಗೆ (1983) ಕ್ಯಾಮೆರಾ ಹಿಡಿದವರೂ ಅವರೇ, ಅದೂ ಕನ್ನಡದ್ದೇ.

ಆದರೆ ಎರಡೂ ಮಾಡುವವರಿಗೆ ಒಂದು ಅಪಾಯವಿದೆ. ಬೆಳಗಿನ ಜಾವ ಮೂರಕ್ಕೆ ಎದ್ದು, ಮಂಜಿನಲ್ಲಿ ಕಾದು ತೆಗೆದ ಶಾಟ್ ಮೇಲೆ ಮೋಹ ಹುಟ್ಟುತ್ತದೆ. ಅದು ಕಥೆಗೆ ಬೇಡವಾದರೂ ಬಿಡಲು ಕೈ ಬರುವುದಿಲ್ಲ. ಆದ್ದರಿಂದ ಕಲಿಯುವ ಹಂತದಲ್ಲಿ ಎರಡನ್ನೂ ಕಲಿಯಿರಿ, ಆದರೆ ನಿಮ್ಮ ಜೋಡಣೆಯನ್ನು ಶೂಟಿಂಗಿಗೆ ಬಾರದವರೊಬ್ಬರಿಗೆ ತೋರಿಸದೆ ಮುಗಿಸಬೇಡಿ. ಸಂಕಲನ ಬಲ್ಲ ಛಾಯಾಗ್ರಾಹಕರು ಸೆಟ್ಟಿನಲ್ಲಿ ಅನಗತ್ಯ ಶಾಟ್ ತೆಗೆಯುವುದಿಲ್ಲ. ಕ್ಯಾಮೆರಾ ಬಲ್ಲ ಸಂಕಲನಕಾರರು ಸಿಕ್ಕಿದ ಶಾಟ್‌ಗಳಲ್ಲೇ ದಾರಿ ಹುಡುಕುತ್ತಾರೆ.

ತಪ್ಪು ಕಲ್ಪನೆ: ಇದೆಲ್ಲ ಪೇಟೆಯವರಿಗೆ, ಇಂಗ್ಲಿಷ್ ಬಂದವರಿಗೆ, ದುಡ್ಡಿದ್ದವರಿಗೆ

ವಾಸ್ತವ: ವಿ.ಕೆ. ಮೂರ್ತಿ ಓದಿದ ಆ ಪಾಲಿಟೆಕ್ನಿಕ್‌ನ ಛಾಯಾಗ್ರಹಣ ವಿಭಾಗ ಎಲ್ಲೂ ಹೋಗಿಲ್ಲ. ಅದೇ ಬೆಳೆದು ಈಗ ಬೆಂಗಳೂರಿನ ಹೆಸರಘಟ್ಟದಲ್ಲಿ ಸರ್ಕಾರಿ ಚಲನಚಿತ್ರ ಮತ್ತು ದೂರದರ್ಶನ ಸಂಸ್ಥೆಯಾಗಿದೆ. ಛಾಯಾಗ್ರಹಣದಲ್ಲಿ, ಧ್ವನಿಗ್ರಹಣದಲ್ಲಿ ಡಿಪ್ಲೊಮಾ ಕೊಡುವ, ನಮ್ಮ ರಾಜ್ಯದ್ದೇ ಆದ ಸರ್ಕಾರಿ ಸಂಸ್ಥೆ. 'ಆಕ್ರೋಶ್', 'ಅರ್ಧಸತ್ಯ' ಚಿತ್ರಗಳ ನಿರ್ದೇಶಕ ಗೋವಿಂದ ನಿಹಲಾನಿ ಕೂಡ ಬೆಂಗಳೂರಿನ ಆ ಪಾಲಿಟೆಕ್ನಿಕ್‌ನಿಂದಲೇ 1962ರಲ್ಲಿ ಹೊರಬಂದವರು. ಮೂರ್ತಿಯವರ ಬಳಿ ಸಹಾಯಕರಾಗಿದ್ದು, ಗಿರೀಶ ಕಾರ್ನಾಡರ 'ಕಾಡು' (1973) ಚಿತ್ರಕ್ಕೆ ಕ್ಯಾಮೆರಾ ಹಿಡಿದರು.

ಪಾಲಿಟೆಕ್ನಿಕ್ ಎಂದರೆ ಮೂಗು ಮುರಿಯುವವರಿಗೆ ಹರದನಹಳ್ಳಿಯಲ್ಲಿ ಹೇಳಬಹುದಾದ ಮಾತೊಂದಿದೆ. ಈ ಊರಿನ ಎಚ್.ಡಿ. ದೇವೇಗೌಡರು ಓದಿದ್ದು ಹಾಸನದ ಎಲ್.ವಿ. ಪಾಲಿಟೆಕ್ನಿಕ್‌ನಲ್ಲಿ ಸಿವಿಲ್ ಡಿಪ್ಲೊಮಾ. ಅವರು 1996ರಲ್ಲಿ ಪ್ರಧಾನಿಯಾದರು. ಡಿಪ್ಲೊಮಾ ಯಾರನ್ನೂ ತಡೆದು ನಿಲ್ಲಿಸುವುದಿಲ್ಲ.

ಪದವಿ ಮುಗಿಸಿದವರಿಗೆ ಪುಣೆಯಲ್ಲಿ 1960ರಲ್ಲಿ ಶುರುವಾದ ಫಿಲ್ಮ್ ಇನ್‌ಸ್ಟಿಟ್ಯೂಟ್ ಇದೆ, ಕೋಲ್ಕತ್ತದಲ್ಲಿ ಸತ್ಯಜಿತ್ ರೇ ಹೆಸರಿನ ಸಂಸ್ಥೆ ಇದೆ. ಎರಡರಲ್ಲೂ ಛಾಯಾಗ್ರಹಣ, ಸಂಕಲನ ಪ್ರತ್ಯೇಕ ವಿಭಾಗಗಳು. ವೈದ್ಯಕೀಯ ಓದಿದ್ದ ಚಿದಾನಂದ ಎಸ್. ನಾಯ್ಕ್ ಪುಣೆಯಲ್ಲಿ ಒಂದು ವರ್ಷದ ಟೆಲಿವಿಷನ್ ಕೋರ್ಸಿನ ಕೊನೆಗೆ, ಹುಂಜ ಕದ್ದ ಅಜ್ಜಿಯ ನಮ್ಮ ಜನಪದ ಕಥೆಯನ್ನು ಕನ್ನಡದಲ್ಲೇ ಕಿರುಚಿತ್ರ ಮಾಡಿದರು. 2024ರಲ್ಲಿ ಕಾನ್ ಚಿತ್ರೋತ್ಸವದ ವಿದ್ಯಾರ್ಥಿ ಚಿತ್ರಗಳ ವಿಭಾಗದಲ್ಲಿ ಅದಕ್ಕೆ ಮೊದಲ ಬಹುಮಾನ ಬಂತು. ಸೂರಜ್ ಠಾಕೂರ್ ಕ್ಯಾಮೆರಾ ಹಿಡಿದಿದ್ದರು, ಮನೋಜ್ ವಿ. ಸಂಕಲನ ಮಾಡಿದ್ದರು. ಇಡೀ ಚಿತ್ರ ರಾತ್ರಿಯ ಕತ್ತಲಲ್ಲಿ ನಡೆಯುತ್ತದೆ. ಹಳ್ಳಿಯ ಇರುಳನ್ನು ಹೇಗೆ ತೋರಿಸಬೇಕೆಂದು ತಿಳಿದವರ ಕೆಲಸ ಅದು.

ಹಾಗೆಂದು ಶಾಲೆಗೆ ಹೋಗದೆ ದಾರಿಯೇ ಇಲ್ಲ ಎನ್ನುವುದೂ ತಪ್ಪು. ಕನ್ನಡ ಚಿತ್ರರಂಗದ ಬಹುಪಾಲು ಛಾಯಾಗ್ರಾಹಕರು, ಸಂಕಲನಕಾರರು ಯಾರದೋ ಬಳಿ ಸಹಾಯಕರಾಗಿ ಸೇರಿ ಮೇಲೆ ಬಂದವರು. ಆ ದಾರಿಯಲ್ಲಿ ಮೊದಲ ವರ್ಷಗಳು ಪೆಟ್ಟಿಗೆ ಹೊರುವುದರಲ್ಲಿ, ಲೆನ್ಸ್ ಒರೆಸುವುದರಲ್ಲಿ, ಬೆಳಕು ತಿರುಗಿಸುವ ಥರ್ಮಕೋಲ್ ಹಿಡಿದು ನಿಲ್ಲುವುದರಲ್ಲಿ ಕಳೆಯುತ್ತವೆ. ಆಮೇಲೆ ಫೋಕಸ್ ಹಿಡಿಯಲು ಕೊಡುತ್ತಾರೆ. ಎಡಿಟಿಂಗ್ ಕಡೆ ಸೇರಿದವರಿಗೆ ಮೊದಲ ಕೆಲಸ ಫೈಲ್‌ಗಳಿಗೆ ಹೆಸರಿಡುವುದು, ಸಿಂಕ್ ಮಾಡುವುದು. ಥರ್ಮಕೋಲ್ ಹಿಡಿದವನಿಗೆ ಮುಖದ ಮೇಲೆ ಬೆಳಕು ಹೇಗೆ ಮೃದುವಾಗುತ್ತದೆ ಎಂದು ಮೊದಲು ಗೊತ್ತಾಗುತ್ತದೆ.

ತಪ್ಪು ಕಲ್ಪನೆ: ಮದುವೆ ವಿಡಿಯೋದವರು ಸಿನಿಮಾಕ್ಕೆ ಲಾಯಕ್ಕಲ್ಲ

ವಾಸ್ತವ: ಧಾರೆಯ ಹೊತ್ತು ಎರಡನೆಯ ಸಲ ಬರುವುದಿಲ್ಲ. ಛತ್ರದ ಕೆಟ್ಟ ದೀಪದಲ್ಲಿ, ನೂರು ಜನರ ನಡುವೆ ನುಗ್ಗಿ, ಮಾಂಗಲ್ಯಧಾರಣೆಯನ್ನು ತಪ್ಪಿಸದೆ ತೆಗೆಯುವವರ ಕೈಗೂ ಕಣ್ಣಿಗೂ ಬಂದಿರುವ ಚುರುಕು ಸುಲಭದ್ದಲ್ಲ. ಅದು ಸಾಕ್ಷ್ಯಚಿತ್ರಕ್ಕೆ ನೇರವಾಗಿ ಒದಗುವ ಕಲೆ. ಬಿಡಬೇಕಾದ ಅಭ್ಯಾಸಗಳೂ ಇವೆ: ಎಲ್ಲದಕ್ಕೂ ಸ್ಲೋ ಮೋಷನ್, ಎಲ್ಲದಕ್ಕೂ ಡ್ರೋನ್, ಶಾಟ್ ಬದಲಾದಾಗಲೆಲ್ಲ ಒಂದು ಎಫೆಕ್ಟ್. ಶೆಟ್ಟಿಹಳ್ಳಿಯ ಹಳೆಯ ಚರ್ಚಿನ ಮುಂದೆ ಪ್ರೀ-ವೆಡ್ಡಿಂಗ್ ಶೂಟ್ ಮಾಡುವವರು, ಮುಂದಿನ ಸಲ ಜೋಡಿ ಬರುವ ಮೊದಲೇ ಹೋಗಿ ಆ ಕಮಾನುಗಳಲ್ಲಿ ಬೆಳಕು ಹೇಗೆ ಸರಿಯುತ್ತದೆ ಎಂದು ನೋಡಿಕೊಳ್ಳಲಿ. ಮಂಡ್ಯದ ನೊದೆಕೊಪ್ಪಲಿನಲ್ಲಿ ಊರಿನವರನ್ನೇ ನಟರನ್ನಾಗಿ ಮಾಡಿ ತೆಗೆದ 'ತಿಥಿ'ಯನ್ನು ನೋಡಲಿ. ಕ್ಯಾಮೆರಾ ಕುಣಿಯದೆ ಒಂದೆಡೆ ನಿಂತು ಜನರನ್ನು ಗಮನಿಸಿದರೆ ಏನು ಸಿಗುತ್ತದೆ ಎಂದು ಅದು ಕಲಿಸುತ್ತದೆ.

ತಪ್ಪು ಕಲ್ಪನೆ: ಹೆಣ್ಣುಮಕ್ಕಳಿಗೆ ಕ್ಯಾಮೆರಾ ಹೊರಲು ಆಗುವುದಿಲ್ಲ

ವಾಸ್ತವ: 'ಸ್ಕೂಲ್ ಮಾಸ್ಟರ್', 'ಕಿತ್ತೂರು ಚೆನ್ನಮ್ಮ' ಚಿತ್ರಗಳ ಬಿ.ಆರ್. ಪಂತುಲು ಅವರನ್ನು ಕನ್ನಡಿಗರು ಮರೆಯುವಂತಿಲ್ಲ. ಅವರ ಮಗಳು ಬಿ.ಆರ್. ವಿಜಯಲಕ್ಷ್ಮಿ 1985ರಲ್ಲಿ 'ಚಿನ್ನ ವೀಡು' ಎಂಬ ತಮಿಳು ಚಿತ್ರದಿಂದ ಸ್ವತಂತ್ರ ಛಾಯಾಗ್ರಾಹಕಿಯಾದರು. ಏಷ್ಯಾದ ಮೊದಲ ಮಹಿಳಾ ಛಾಯಾಗ್ರಾಹಕಿ ಎಂದು ಅವರನ್ನು ಗುರುತಿಸುತ್ತಾರೆ. ಆ ಕಾಲದ ಫಿಲ್ಮ್ ಕ್ಯಾಮೆರಾಗಳು ಇಂದಿನವಕ್ಕಿಂತ ಭಾರ. 2017ರಲ್ಲಿ ಭಾರತದ ಮಹಿಳಾ ಛಾಯಾಗ್ರಾಹಕಿಯರು ತಮ್ಮದೇ ಒಕ್ಕೂಟ ಕಟ್ಟಿಕೊಂಡಿದ್ದಾರೆ. ಹೆಣ್ಣುಮಕ್ಕಳಿಗೆ ಇಲ್ಲಿ ಅಡ್ಡಿಯಾಗುವುದು ಕ್ಯಾಮೆರಾದ ತೂಕವಲ್ಲ. ರಾತ್ರಿ ಶೂಟಿಂಗ್ ಮುಗಿದ ಮೇಲೆ ಮನೆಗೆ ಬಿಡುವ ವಾಹನ, ಹೊರಾಂಗಣದಲ್ಲಿ ಶೌಚಾಲಯ ಇವುಗಳನ್ನು ಒದಗಿಸದ ನಿರ್ಮಾಣ ತಂಡಗಳೇ ಅಡ್ಡಿ.

ತಪ್ಪು ಕಲ್ಪನೆ: ಡಿಜಿಟಲ್ ಬಂದಿದೆ, ಇನ್ನೆಲ್ಲ ಸುಲಭ

ವಾಸ್ತವ: ಫಿಲ್ಮ್ ಕಾಲದಲ್ಲಿ 400 ಅಡಿಯ ಒಂದು ರೋಲ್ ನಾಲ್ಕೂವರೆ ನಿಮಿಷಕ್ಕೆ ಮುಗಿದುಹೋಗುತ್ತಿತ್ತು. ಅದರ ಬೆಲೆ ಗೊತ್ತಿದ್ದವರು ರಿಹರ್ಸಲ್ ಮಾಡಿ, ಬೆಳಕು ಅಳೆದು, ಆಮೇಲೆ ಕ್ಯಾಮೆರಾ ಓಡಿಸುತ್ತಿದ್ದರು. ಈಗ ಕ್ಯಾಮೆರಾ ನಿಲ್ಲಿಸುವುದೇ ಇಲ್ಲ. ಗಂಟೆಗಟ್ಟಲೆ ತೆಗೆದದ್ದೆಲ್ಲ ಎಡಿಟರ್ ತಲೆಯ ಮೇಲೆ ಬೀಳುತ್ತದೆ. ಆಯ್ಕೆ ಸೆಟ್ಟಿನಿಂದ ಎಡಿಟಿಂಗ್ ಕೋಣೆಗೆ ಸ್ಥಳ ಬದಲಿಸಿತು, ಕಡಿಮೆಯಾಗಲಿಲ್ಲ. ಕೃತಕ ಬುದ್ಧಿಮತ್ತೆ ಶಾಟ್‌ಗಳನ್ನು ಹುಡುಕಿಕೊಡಬಹುದು, ಮಾತನ್ನು ಬರಹಕ್ಕಿಳಿಸಬಹುದು. ಬಾಗಿಲಲ್ಲಿ ನಿಂತ ತಾಯಿಯ ಮುಖದಿಂದ ಯಾವ ಗಳಿಗೆಯಲ್ಲಿ ಹೊರಡಬೇಕು ಎನ್ನುವುದನ್ನು ಅವಳನ್ನು ಬಲ್ಲವರೇ ನಿರ್ಧರಿಸಬೇಕು.

ಇನ್ನೊಂದು ವಿಷಯಕ್ಕೆ ಯಾರೂ ಸಾಕಷ್ಟು ಗಮನ ಕೊಡುತ್ತಿಲ್ಲ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ' (1934) ಇವತ್ತು ನೋಡಲು ಸಿಗುವುದಿಲ್ಲ. 'ಘಟಶ್ರಾದ್ಧ' ಸಿಗುತ್ತದೆ, ಯಾಕೆಂದರೆ ಅದರ ಮೂಲ ನೆಗೆಟಿವ್ ಉಳಿದಿತ್ತು. ಅದನ್ನು ಇಟಲಿಯ ಬೊಲೊನ್ಯದಲ್ಲಿ ಪುನರುಜ್ಜೀವನಗೊಳಿಸಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. 47 ವರ್ಷದ ನಂತರವೂ ರಾಮಚಂದ್ರ ಅವರ ಬೆಳಕು ಹಾಗೇ ಇತ್ತು. ನೀವು ಇವತ್ತು ತೆಗೆದದ್ದು ಒಂದೇ ಒಂದು ಹಾರ್ಡ್‌ಡಿಸ್ಕಿನಲ್ಲಿದ್ದರೆ ಅದು ಹತ್ತು ವರ್ಷ ಬಾಳುವುದೂ ಅನುಮಾನ. ಮೂರು ಪ್ರತಿ ಮಾಡಿ, ಅದರಲ್ಲಿ ಒಂದನ್ನು ಬೇರೆ ಊರಿನಲ್ಲಿಡಿ. ಇದು ಸಹಾಯಕರು ಮೊದಲ ದಿನವೇ ಕಲಿಯಬೇಕಾದ ಪಾಠ.

ತಪ್ಪು ಕಲ್ಪನೆ: ಒಂದು ಸಿನಿಮಾ ಹಿಟ್ ಆದರೆ ಜೀವನ ಪೂರ್ತಿ ಚಿಂತೆಯಿಲ್ಲ

ವಾಸ್ತವ: ಇಲ್ಲ. ಇದು ತಿಂಗಳ ಸಂಬಳದ ಕೆಲಸವಲ್ಲ. ಸಹಾಯಕರಿಗೆ ದಿನದ ಬ್ಯಾಟಾ ಸಿಗುತ್ತದೆ, ಎಡಿಟರ್‌ಗೆ ಚಿತ್ರಕ್ಕಿಷ್ಟು ಎಂದು ಕಂತಿನಲ್ಲಿ ಬರುತ್ತದೆ, ಕೊನೆಯ ಕಂತು ಬಹಳ ಸಲ ಬಿಡುಗಡೆಯ ತನಕ ಎಳೆಯುತ್ತದೆ. ಒಪ್ಪಂದವನ್ನು ಕಾಗದದ ಮೇಲೆ ಬರೆಸಿಕೊಳ್ಳದೆ ಕೆಲಸ ಶುರು ಮಾಡಬಾರದು. ಕೆಲಸವಿಲ್ಲದ ತಿಂಗಳುಗಳಿಗೆ ಜಾಹೀರಾತು, ಧಾರಾವಾಹಿ, ಸಾಕ್ಷ್ಯಚಿತ್ರ, ಅದೇ ಮದುವೆ ವಿಡಿಯೋ ಆಸರೆಯಾಗುತ್ತವೆ. ಅದರಲ್ಲಿ ನಾಚಿಕೆಪಡುವಂಥದ್ದೇನೂ ಇಲ್ಲ.

ಮನೆಯವರಿಗೆ ನನ್ನದೊಂದು ಮನವಿ. ಹರದನಹಳ್ಳಿಯಲ್ಲಾಗಲಿ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣದಲ್ಲಾಗಲಿ, ನಿಮ್ಮ ಮಗನೋ ಮಗಳೋ ಕ್ಯಾಮೆರಾ ಕೊಡಿಸಿ ಎಂದು ಹಟ ಹಿಡಿದರೆ ಸಾಲ ಮಾಡಬೇಡಿ, ಬೈದು ಸುಮ್ಮನಾಗಿಸಲೂ ಬೇಡಿ. ಹೆಸರಘಟ್ಟದ ಸರ್ಕಾರಿ ಸಂಸ್ಥೆಗೆ ಒಮ್ಮೆ ಕರೆದುಕೊಂಡು ಹೋಗಿ. ಪ್ರವೇಶಕ್ಕೆ ಏನು ಓದಿರಬೇಕು, ಶುಲ್ಕ ಎಷ್ಟು, ಅರ್ಜಿ ಯಾವಾಗ ಕರೆಯುತ್ತಾರೆ ಎಂದು ಅಲ್ಲಿಯ ಕಚೇರಿಯಲ್ಲೇ ಕೇಳಿ ಬರೆದುಕೊಳ್ಳಿ.